ಬೇಲ್ ಸಿಕ್ತು ಅಂತ ಕೇಸ್ ಮುಗೀಲಿಲ್ಲ: ಷರತ್ತು ಮುರಿದ್ರೆ ಮತ್ತೆ ಜೈಲು

ಜಾಮೀನು ಅಂದ್ರೆ ಖುಲಾಸೆ ಅಲ್ಲ, ಷರತ್ತಿನ ಮೇಲೆ ಹೊರಗಿರೋ ಅವಕಾಶ ಅಷ್ಟೆ. ತನಿಖೆ ಹಂತದಲ್ಲಿ ಕೋರ್ಟ್ ಸಾಮಾನ್ಯವಾಗಿ ಹಾಕೋ ಷರತ್ತುಗಳಿವು: ಕರೆದಾಗ ತನಿಖಾಧಿಕಾರಿ ಮುಂದೆ ಹಾಜರಾಗಬೇಕು, ಸಾಕ್ಷಿಗಳನ್ನು ಹೆದರಿಸಬಾರದು, ಆಮಿಷ ಒಡ್ಡಬಾರದು, ಅಂಥದ್ದೇ ಅಪರಾಧ ಮತ್ತೆ ಮಾಡಬಾರದು. ಕೆಲವು ಕೇಸಲ್ಲಿ ವಾರಕ್ಕೊಮ್ಮೆ ಠಾಣೆಗೆ ಹೋಗಿ ಸಹಿ ಹಾಕಬೇಕು.

ಸಹಿ ದಿನ ಸಂತೆ ದಿನವೇ ಬಂತಾ? ಹಾಗಂತ ತಪ್ಪಿಸಬೇಡಿ, ಜಾಮೀನೇ ರದ್ದಾಗಬಹುದು. ದಿನ ಬದಲಿಸಿಕೊಡಿ ಅಂತ ವಕೀಲರ ಮೂಲಕ ಕೋರ್ಟಿಗೆ ಅರ್ಜಿ ಹಾಕಬಹುದು. ಆದರೆ ಆರೋಪಿ ಸದಾ ಎಲ್ಲಿದ್ದಾನೆ ಅಂತ ಪೊಲೀಸರು ಮೊಬೈಲ್ ಲೊಕೇಶನ್‌ನಲ್ಲಿ ನೋಡುತ್ತಿರುವಂಥ ಷರತ್ತು ಹಾಕುವಂತಿಲ್ಲ ಅಂತ 2024ರ ಜುಲೈನಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ.

ಪರಿಚಯದವರಿಗೆ ಶ್ಯೂರಿಟಿ ನಿಲ್ಲೋ ಅಂಗಡಿಯವರೂ ಗಮನಿಸಿ: ಆತ ಕೋರ್ಟಿಗೆ ಬಾರದೆ ತಲೆಮರೆಸಿಕೊಂಡರೆ ಬಾಂಡ್ ಹಣ ನಿಮ್ಮಿಂದಲೇ ವಸೂಲಾಗಬಹುದು.