ಮೊಂಡುಮೂತಿಯ ನಾಯಿಗಳೂ ಅವುಗಳ ಶ್ವಾಸಕಷ್ಟವೂ

ಪಗ್ ನಾಯಿಯು ಗೊರಕೆ ಹೊಡೆಯುವುದನ್ನು ಕಂಡು ನಗದವರು ವಿರಳ. 2003ರಲ್ಲಿ ಹಚ್ ಎಂಬ ದೂರವಾಣಿ ಕಂಪೆನಿಯ ಜಾಹೀರಾತಿನಲ್ಲಿ ಬಾಲಕನೊಬ್ಬನನ್ನು ಹಿಂಬಾಲಿಸುತ್ತ ಬಂದ ಮೇಲೆ ಈ ಜಾತಿಯು ನಮ್ಮ ದೇಶದ ಮನೆಮನೆಗೂ ಪರಿಚಿತವಾಯಿತು. ಆದರೆ ಎಚ್ಚರವಾಗಿದ್ದಾಗಲೂ ಕೇಳಿಬರುವ ಆ ಗೊರಗೊರ ಸದ್ದು ವಿನೋದದ ವಸ್ತುವಲ್ಲ, ವ್ಯಾಧಿಯ ಲಕ್ಷಣವೆಂಬುದನ್ನು ಗೃಹಸ್ಥರು ಅರಿಯತಕ್ಕದ್ದು.

ಇದರ ಕಾರಣವು ಮನುಷ್ಯನ ಅಭಿರುಚಿಯೇ. ಆಂಗ್ಲ ಚಿತ್ರಕಾರ ವಿಲಿಯಂ ಹೊಗಾರ್ತನು 1745ರಲ್ಲಿ ಮುಗಿಸಿದ ಆತ್ಮಚಿತ್ರದಲ್ಲಿ ಅವನ ಪಗ್ ನಾಯಿಯೂ ಕಾಣಿಸುತ್ತದೆ. ಅದರ ಮೂತಿ ಇಂದಿನವುಗಳಿಗಿಂತ ನೀಳವಾದುದು. ಆಮೇಲೆ ಮುದ್ದುಮುಖದ ಆಸೆಯಿಂದ ಮೊಂಡುಮೂತಿಯ ಮರಿಗಳನ್ನೇ ಆರಿಸಿ ಬೆಳೆಸಿದುದರಿಂದ ಪಗ್, ಬುಲ್‌ಡಾಗ್, ಫ್ರೆಂಚ್ ಬುಲ್‌ಡಾಗ್ ಮೊದಲಾದ ಜಾತಿಗಳ ಮುಖದ ಎಲುಬು ಕುಗ್ಗಿತು. ಒಳಗಿನ ಮಾಂಸಭಾಗವು ಅಷ್ಟು ಕುಗ್ಗಲಿಲ್ಲ. ಚಿಕ್ಕ ಪೆಟ್ಟಿಗೆಯೊಳಗೆ ದೊಡ್ಡ ಜಮಖಾನೆಯನ್ನು ತುರುಕಿದಂತಾಯಿತು. ಮೂಗಿನ ಹೊಳ್ಳೆಗಳು ಬರಿಯ ಸೀಳುಗಳಾದುವು. ಮೃದುವಾದ ಹಿಂದಂಗುಳವು ಜೋತುಬಿದ್ದು ಶ್ವಾಸಮಾರ್ಗವನ್ನು ಅಡ್ಡಗಟ್ಟಿತು. ವರ್ಷಗಟ್ಟಲೆ ಬಲವಂತವಾಗಿ ಉಸಿರೆಳೆದುದರ ಫಲವಾಗಿ ಕಂಠದ ಒಳಭಾಗಗಳೂ ಕ್ರಮೇಣ ಕುಸಿಯುವುದುಂಟು.

ಬೇಸಗೆಯಲ್ಲಿ ಅಪಾಯವು ಇಮ್ಮಡಿ. ನಾಯಿಗೆ ನಮ್ಮಂತೆ ಮೈಯೆಲ್ಲ ಬೆವರುವುದಿಲ್ಲ. ಏದುವುದರಿಂದಲೇ ಅದು ಮೈಯ ಕಾವನ್ನು ಕಳೆದುಕೊಳ್ಳಬೇಕು. ದಾರಿ ಕಟ್ಟಿದಾಗ ಎಷ್ಟು ಏದಿದರೂ ಕಾವು ಇಳಿಯದು. ಏದಿದಷ್ಟೂ ಗಂಟಲು ಊದಿಕೊಂಡು ದಾರಿ ಇನ್ನೂ ಕಿರಿದಾಗುವುದು.

ಪರಿಹಾರಗಳಲ್ಲಿ ಮೊದಲನೆಯದು ಮಿತಾಹಾರ. ಕೊಬ್ಬು ಹೆಚ್ಚಿದಷ್ಟೂ ಉಸಿರಿಗೆ ಅಡ್ಡಿ. ಪಕ್ಕೆಲುಬುಗಳು ಕೈಗೆ ಸುಲಭವಾಗಿ ತಗಲುವಂತಿರಬೇಕು. ಕೊರಳಪಟ್ಟಿಯನ್ನು ಬಿಟ್ಟು ಎದೆಪಟ್ಟಿಯನ್ನು ತೊಡಿಸಬೇಕು. ತಂಪಿನ ಹೊತ್ತಿನಲ್ಲಿ ಮಾತ್ರ ತಿರುಗಾಡಿಸಬೇಕು. ಬಾಗಿಲು ಮುಚ್ಚಿದ ಕಾರಿನಲ್ಲಿ ಕ್ಷಣಕಾಲವೂ ಬಿಡಕೂಡದು. ಸ್ವಲ್ಪ ನಡೆದೊಡನೆ ನಿಂತುಬಿಡುವುದು, ಮಲಗಿದಾಗ ಉಸಿರು ಕಟ್ಟಿ ಬೆಚ್ಚಿ ಏಳುವುದು, ಪದೇ ಪದೇ ನೊರೆ ಕಕ್ಕುವುದು—ಇವು ಕಂಡರೆ ಪಶುವೈದ್ಯರಿಗೆ ತೋರಿಸಬೇಕು. ಒಸಡು ನೀಲಿಯಾದರೆ ಅಥವಾ ಮೂರ್ಛೆ ಬಂದರೆ ಅರೆಗಳಿಗೆಯೂ ತಡೆಯದೆ ಕರೆದೊಯ್ಯಬೇಕು. ಬಿಸಿಲಿನಿಂದ ಕುಸಿದ ನಾಯಿಯನ್ನು ನೆರಳಿಗೆ ತಂದು, ಮೈಮೇಲೆ ತಣ್ಣೀರು ಹೊಯ್ದು, ಗಾಳಿ ಬೀಸಿ, ಬಳಿಕ ಸಾಗಿಸುವುದು ಕ್ರಮ.

ಇಷ್ಟರಿಂದ ಗುಣ ಕಾಣದಿದ್ದರೆ ಶಸ್ತ್ರಚಿಕಿತ್ಸೆಯುಂಟು. ಹೊಳ್ಳೆಗಳನ್ನು ಅಗಲಿಸಿ, ಹೆಚ್ಚಾದ ಅಂಗುಳವನ್ನು ಕತ್ತರಿಸಿ, ಗಾಳಿಗೆ ದಾರಿ ಮಾಡುತ್ತಾರೆ. ಈ ಜಾತಿಗಳಿಗೆ ಅರಿವಳಿಕೆಯನ್ನು ಕೊಡುವಾಗಲೂ, ಅದು ಇಳಿಯುವಾಗಲೂ ವಿಶೇಷ ಜಾಗರೂಕತೆ ಬೇಕಾದುದರಿಂದ ಅನುಭವಸ್ಥರಾದ ವೈದ್ಯರನ್ನೇ ಆಶ್ರಯಿಸುವುದು ಲೇಸು. ಕಂಠವು ಕುಸಿಯುವುದಕ್ಕೆ ಮುಂಚೆ ಮಾಡಿಸಿದರೆ ಫಲ ಹೆಚ್ಚು. ಉಸಿರಾಟವು ಪೂರ್ಣವಾಗಿ ಸಹಜವಾಗದಿದ್ದರೂ ನಾಯಿಯು ಸುಖವಾಗಿ ಉಂಡು, ಆಡಿ, ಮಲಗಬಲ್ಲುದು.

ಆದರೆ ಚಿಕಿತ್ಸೆಯು ಒಂದು ನಾಯಿಯ ಕಷ್ಟವನ್ನು ಕಳೆಯುವುದೇ ಹೊರತು ಅದರ ಸಂತತಿಯದನ್ನಲ್ಲ. ಆದುದರಿಂದ ಶಸ್ತ್ರಚಿಕಿತ್ಸೆ ಬೇಕಾದ ನಾಯಿಯಿಂದ ಮರಿ ಮಾಡಿಸಕೂಡದು. ಮರಿಯನ್ನು ತರುವವರು ಮೊದಲು ಅದರ ತಾಯಿಯನ್ನು ಕಾಣಲಿ; ಅದು ಓಡಾಡಿ ಬಂದಾಗ ಉಸಿರಿನ ಸದ್ದನ್ನು ಕಿವಿಗೊಟ್ಟು ಕೇಳಲಿ. ಕೊಳ್ಳುವವರು ಉಸಿರನ್ನು ನೋಡಿ ಕೊಂಡರೆ, ಬೆಳೆಸುವವರೂ ಉಸಿರನ್ನು ನೋಡಿಯೇ ಬೆಳೆಸುವರು.