ಕಟಕಟೆ ಹತ್ತಿದ ಚಲನಚಿತ್ರ

ಟೆಲಿವಿಷನ್ ಮನೆಯೊಳಗೆ ಬಂದು ಕುಳಿತರೆ ಚಿತ್ರಮಂದಿರದ ಗತಿಯೇನು? ಜಪಾನ್ ಈ ಪ್ರಶ್ನೆಗೆ ಕಂಡುಕೊಂಡ ಉತ್ತರ ವಿಚಿತ್ರವಾದುದು. 1958ರಲ್ಲಿ ಆ ದೇಶದ ಚಿತ್ರಮಂದಿರಗಳಲ್ಲಿ 112 ಕೋಟಿಗೂ ಮಿಕ್ಕ ಟಿಕೇಟುಗಳು ಮಾರಾಟವಾಗಿದ್ದುವು. 1963ರ ವೇಳೆಗೆ ಆ ಸಂಖ್ಯೆ ಅರ್ಧಕ್ಕಿಂತಲೂ ಕೆಳಗಿಳಿಯಿತು.

ಆಗ ಕೆಲವು ಸಣ್ಣ ನಿರ್ಮಾಪಕರು, ಮನೆಮಂದಿಯೊಡನೆ ಕುಳಿತು ನೋಡಲಾಗದ ದೃಶ್ಯಗಳನ್ನೇ ಬಂಡವಾಳ ಮಾಡಿಕೊಂಡರು. 1962ರಲ್ಲಿ ಸತೋರು ಕೊಬಾಯಾಶಿ ನಿರ್ದೇಶಿಸಿದ ‘ಮಾಂಸದ ಸಂತೆ’ ಈ ಬಗೆಯ ಚಿತ್ರಗಳಿಗೆ ನಾಂದಿಯಾಯಿತೆಂಬುದು ಚರಿತ್ರಕಾರರ ಮತ. ಅಲ್ಪ ವೆಚ್ಚದಲ್ಲಿ, ಅಲ್ಪ ಕಾಲದಲ್ಲಿ ಸಿದ್ಧವಾಗುತ್ತಿದ್ದ ಇವುಗಳಿಗೆ ‘ಗುಲಾಬಿ ಚಿತ್ರ’ಗಳೆಂಬ ಹೆಸರು ಬಿದ್ದಿತು.

ಇವೆಲ್ಲವೂ ಬರಿಯ ಹಣದಾಸೆಯ ಕೂಸುಗಳೇ? ಈ ಪ್ರಶ್ನೆಯು ನ್ಯಾಯಾಲಯದ ಮೆಟ್ಟಿಲೇರಿತು. ಕಬುಕಿ ರಂಗಭೂಮಿಯಲ್ಲಿ ಹೊಸ ಪ್ರಯೋಗಗಳಿಂದ ಹೆಸರಾಗಿದ್ದ ತೆತ್ಸುಜಿ ತಕೆಚಿ, 1965ರಲ್ಲಿ ‘ಕಪ್ಪು ಹಿಮ’ವೆಂಬ ಚಿತ್ರವನ್ನು ತೆರೆಗೆ ತಂದರು. ಅಮೆರಿಕದ ವಿಮಾನನೆಲೆಯ ಮಗ್ಗುಲಿನ ವೇಶ್ಯಾಗೃಹವೊಂದು ಅದರ ಕಥಾಭೂಮಿ. ನೆಲೆಯ ಬೇಲಿಯ ಪಕ್ಕದಲ್ಲಿ ವಿವಸ್ತ್ರಳಾಗಿ ಓಡುವ ತರುಣಿಯ ದೃಶ್ಯವು ದೊಡ್ಡ ಕೋಲಾಹಲವನ್ನೆಬ್ಬಿಸಿತು. ಆ ನಗ್ನತೆ ಪರರ ಸೇನೆಯೆದುರು ನಿಂತ ಜಪಾನೀಯರ ಅಸಹಾಯಕತೆಯ ಸಂಕೇತವೆಂಬುದು ತಕೆಚಿಯವರ ವಾದ; ಅದು ಶುದ್ಧ ಅಶ್ಲೀಲವೆಂಬುದು ಸರ್ಕಾರದ ಆರೋಪ.

ಜಪಾನಿನ ನ್ಯಾಯವ್ಯವಸ್ಥೆಯಲ್ಲಿಯೇ ಒಂದು ತೊಡಕಿದ್ದಿತು. 1947ರಲ್ಲಿ ಜಾರಿಗೆ ಬಂದ ಸಂವಿಧಾನವು ಸೆನ್ಸಾರನ್ನು ನಿಷೇಧಿಸುತ್ತದೆ. ದಂಡಸಂಹಿತೆಯ 175ನೆಯ ವಿಧಿಯಾದರೋ ಅಶ್ಲೀಲತೆಯನ್ನು ಶಿಕ್ಷಿಸುತ್ತದೆ. ಇವೆರಡರ ನಡುವೆ, ಚಿತ್ರೋದ್ಯಮವೇ 1949ರಲ್ಲಿ ‘ಏರಿನ್’ ಎಂಬ ಪರಿಶೀಲನಾ ಮಂಡಲಿಯನ್ನು ಕಟ್ಟಿಕೊಂಡಿದ್ದಿತು. ‘ಕಪ್ಪು ಹಿಮ’ಕ್ಕೆ ಆ ಮಂಡಲಿಯ ಒಪ್ಪಿಗೆ ದೊರೆತಿತ್ತು. ಹಾಗಿದ್ದೂ ಮೊಕದ್ದಮೆ ನಡೆಯಿತು.

1967ರಲ್ಲಿ ತಕೆಚಿ ಖುಲಾಸೆಯಾದರು. 1969ರಲ್ಲಿ ಟೋಕಿಯೋದ ಉಚ್ಚ ನ್ಯಾಯಾಲಯವು ಚಿತ್ರವನ್ನು ಅಶ್ಲೀಲವೆಂದೇ ಎಣಿಸಿತು. ಆದರೆ ಮಂಡಲಿಯ ಒಪ್ಪಿಗೆಯನ್ನು ನಂಬಿ ನಡೆದವರನ್ನು ಅಪರಾಧಿಗಳೆನ್ನಲಾಗದೆಂದು ಬಿಡುಗಡೆಯನ್ನು ಎತ್ತಿಹಿಡಿಯಿತು. ಮನುಷ್ಯ ಗೆದ್ದನು, ಚಿತ್ರ ಸೋತಿತು!

ಕಲೆಗೂ ಅಶ್ಲೀಲತೆಗೂ ನಡುವಣ ಗೆರೆ ಎಲ್ಲಿದೆಯೆಂಬುದು ಅಲ್ಲಿಗೆ ಇತ್ಯರ್ಥವಾಗಲಿಲ್ಲ. 1972ರಲ್ಲಿ ನಿಕ್ಕತ್ಸು ಸಂಸ್ಥೆಯ ಚಿತ್ರಗಳ ಮೇಲೆ ಮತ್ತೆ ಮೊಕದ್ದಮೆಗಳು ಹೂಡಲ್ಪಟ್ಟುವು. 1980ರಲ್ಲಿ ಅವೂ ಬಿಡುಗಡೆಯಲ್ಲಿಯೇ ಮುಗಿದುವು.

ಈ ಕೆಸರಿನಲ್ಲಿಯೂ ಕಮಲ ಅರಳಿದುದುಂಟು. ಗುಲಾಬಿ ಚಿತ್ರಗಳಲ್ಲಿ ಕಸುಬು ಕಲಿತ ಯೋಜಿರೋ ತಕಿತಾ, ಮೃತರ ಅಂತಿಮ ಅಲಂಕಾರ ಮಾಡುವವನೊಬ್ಬನ ಕಥೆಯನ್ನು 2008ರಲ್ಲಿ ತೆರೆಗೆ ತಂದರು. ಮರುವರ್ಷ ಆ ಚಿತ್ರಕ್ಕೆ ಆಸ್ಕರ್ ಪ್ರಶಸ್ತಿ ಸಂದಿತು. ಅದನ್ನು ಮನೆಮಂದಿಯೆಲ್ಲ ಒಟ್ಟಿಗೆ ಕುಳಿತು ನೋಡಬಹುದು.