ಎಸ್. ಬಾಲಚಂದರ್

ಸುಂದರಂ ಬಾಲಚಂದರ್ (18 ಜನವರಿ 1927 – 13 ಏಪ್ರಿಲ್ 1990) ಅವರು ತಮಿಳು ಚಿತ್ರರಂಗದ ನಟ, ನಿರ್ದೇಶಕ, ನಿರ್ಮಾಪಕ ಹಾಗೂ ಸಂಗೀತ ಸಂಯೋಜಕರಾಗಿದ್ದರು. ಕರ್ನಾಟಕ ಸಂಗೀತ ಕ್ಷೇತ್ರದಲ್ಲಿ ಅವರು ವೀಣಾವಾದಕರಾಗಿ ಪ್ರಸಿದ್ಧರು. ಬಾಲನಟರಾಗಿ ಚಲನಚಿತ್ರ ಪ್ರವೇಶಿಸಿದ ಬಾಲಚಂದರ್, 1948ರಲ್ಲಿ ನಿರ್ದೇಶಕರಾದರು. 1954ರಲ್ಲಿ ಅವರು ನಿರ್ದೇಶಿಸಿದ *ಅಂದ ನಾಳ್* ಹಾಡು, ನೃತ್ಯ ಮತ್ತು ಹೊಡೆದಾಟದ ದೃಶ್ಯಗಳಿಲ್ಲದೆ ತಯಾರಾದ ಮೊದಲ ತಮಿಳು ಚಿತ್ರವೆಂದು ಪರಿಗಣಿತವಾಗಿದೆ. ಭಾರತ ಸರ್ಕಾರವು 1982ರಲ್ಲಿ ಅವರಿಗೆ ಪದ್ಮಭೂಷಣ ಪ್ರಶಸ್ತಿಯನ್ನು ನೀಡಿ ಗೌರವಿಸಿತು.

ಸಂಗೀತ ವಲಯದಲ್ಲಿ ಇವರನ್ನು "ವೀಣೆ ಬಾಲಚಂದರ್" ಎಂದು ಕರೆಯಲಾಗುತ್ತದೆ. 1960ರ ದಶಕದಿಂದ ತಮಿಳು ಚಿತ್ರರಂಗದಲ್ಲಿ ಸಕ್ರಿಯರಾಗಿದ್ದ ನಿರ್ದೇಶಕ ಕೆ. ಬಾಲಚಂದರ್ ಬೇರೆ ವ್ಯಕ್ತಿ.

ಆರಂಭಿಕ ಜೀವನ

ಬಾಲಚಂದರ್ ಅವರು ಮದರಾಸಿನ ಮೈಲಾಪುರದಲ್ಲಿ ಜನಿಸಿದರು. ತಂದೆ ವಿ. ಸುಂದರಂ ಅಯ್ಯರ್ ವೃತ್ತಿಯಿಂದ ವಕೀಲರು ಮತ್ತು ಸಂಗೀತಪ್ರೇಮಿಗಳು. ವಾಗ್ಗೇಯಕಾರ ಪಾಪನಾಶಂ ಶಿವನ್ ಅವರಂಥ ಸಂಗೀತಗಾರರು ಈ ಮನೆಯೊಂದಿಗೆ ನಿಕಟ ಸಂಬಂಧ ಹೊಂದಿದ್ದರು. ಅಣ್ಣ ಎಸ್. ರಾಜಂ ಗಾಯಕರೂ ಚಿತ್ರಕಾರರೂ ಆಗಿದ್ದರು. ತ್ಯಾಗರಾಜ, ಮುತ್ತುಸ್ವಾಮಿ ದೀಕ್ಷಿತ ಮತ್ತು ಶ್ಯಾಮಾಶಾಸ್ತ್ರಿಗಳ ಪ್ರಸಿದ್ಧ ಭಾವಚಿತ್ರಗಳನ್ನು ರಚಿಸಿದವರು ಇವರೇ. ಅಕ್ಕ ಎಸ್. ಜಯಲಕ್ಷ್ಮಿ ಕೂಡ ಚಿತ್ರಗಳಲ್ಲಿ ನಟಿಸಿದರು.

ಬಾಲಚಂದರ್ ಯಾವ ಗುರುವಿನ ಬಳಿಯೂ ಕ್ರಮಬದ್ಧ ಶಿಕ್ಷಣ ಪಡೆಯಲಿಲ್ಲ. ಬಾಲ್ಯದಲ್ಲಿಯೇ ಖಂಜಿರ ನುಡಿಸಲು ಆರಂಭಿಸಿದ ಅವರು ಮುಂದೆ ತಬಲಾ, ಹಾರ್ಮೋನಿಯಂ, ದಿಲ್‌ರುಬಾ, ಸಿತಾರ್ ಮೊದಲಾದ ವಾದ್ಯಗಳನ್ನು ಸ್ವಪ್ರಯತ್ನದಿಂದ ಕಲಿತರು.

ನಟನಾಗಿ

1934ರಲ್ಲಿ ಪ್ರಭಾತ್ ಸಂಸ್ಥೆಯು ಕೊಲ್ಲಾಪುರದಲ್ಲಿ *ಸೀತಾ ಕಲ್ಯಾಣಂ* ಎಂಬ ತಮಿಳು ಚಿತ್ರವನ್ನು ನಿರ್ಮಿಸಿತು. ಇದರಲ್ಲಿ ರಾಜಂ ರಾಮನಾಗಿಯೂ ಜಯಲಕ್ಷ್ಮಿ ಸೀತೆಯಾಗಿಯೂ ಅಭಿನಯಿಸಿದರು. ಒಡಹುಟ್ಟಿದವರು ರಾಮ–ಸೀತೆಯರಾಗಿ ನಟಿಸಿದ್ದು ಆ ಕಾಲದ ಸಂಪ್ರದಾಯಸ್ಥರಲ್ಲಿ ಅಸಮಾಧಾನಕ್ಕೆ ಕಾರಣವಾಯಿತು. ಏಳು ವರ್ಷದ ಬಾಲಚಂದರ್ ರಾವಣನ ಆಸ್ಥಾನದ ದೃಶ್ಯದಲ್ಲಿ ಖಂಜಿರ ನುಡಿಸುವ ಬಾಲಕನಾಗಿ ಕಾಣಿಸಿಕೊಂಡರು. ಪಾಪನಾಶಂ ಶಿವನ್ ಅವರು ಸಂಗೀತ ಸಂಯೋಜಕರಾಗಿ ಚಿತ್ರರಂಗವನ್ನು ಪ್ರವೇಶಿಸಿದ್ದೂ ಇದೇ ಚಿತ್ರದಿಂದ.

ನಂತರ *ಋಷ್ಯಶೃಂಗರ್* (1941) ಮುಂತಾದ ಚಿತ್ರಗಳಲ್ಲಿ ಅವರು ನಟಿಸಿದರು. 1948ರ *ಇದು ನಿಜಮಾ* ಚಿತ್ರದಲ್ಲಿ ದ್ವಿಪಾತ್ರದ ನಾಯಕನಾಗಿ ಗಮನ ಸೆಳೆದರು. *ರಾಜಾಂಬಾಳ್* ಮತ್ತು *ದೇವಕಿ* (ಎರಡೂ 1951) ಅವರ ಅಭಿನಯದ ಇತರ ಚಿತ್ರಗಳು. ಎವಿಎಂ ಸಂಸ್ಥೆಯ *ಪೆಣ್* (1954) ಚಿತ್ರದಲ್ಲಿ ವೈಜಯಂತಿಮಾಲಾ ಮತ್ತು ಜೆಮಿನಿ ಗಣೇಶನ್ ಅವರೊಂದಿಗೆ ನಟಿಸಿದರು. ಇದರಲ್ಲಿ ಜೆ. ಪಿ. ಚಂದ್ರಬಾಬು ಅವರ ಹಿನ್ನೆಲೆ ಗಾಯನಕ್ಕೆ ಬಾಲಚಂದರ್ ಅಭಿನಯಿಸಿದ ಪಾಶ್ಚಾತ್ಯ ಧಾಟಿಯ ಗೀತೆಯು ಬಹಳ ಜನಪ್ರಿಯವಾಯಿತು.

ನಿರ್ದೇಶನಕ್ಕೆ ಪದಾರ್ಪಣೆ

ಬಾಲಚಂದರ್ ನಿರ್ದೇಶಿಸಿದ ಮೊದಲ ಚಿತ್ರ *ಎನ್ ಕಣವರ್* (1948). ಆಗ ಅವರ ವಯಸ್ಸು 21. ಈ ಚಿತ್ರದ ನಾಯಕನ ಪಾತ್ರವನ್ನೂ ಸಂಗೀತ ಸಂಯೋಜನೆಯನ್ನೂ ಅವರೇ ನಿರ್ವಹಿಸಿದರು. ಜ್ಯೂಪಿಟರ್ ಪಿಕ್ಚರ್ಸ್ ನಿರ್ಮಾಣದ *ಕೈದಿ* (1951) ಚಿತ್ರದಲ್ಲಿಯೂ ಈ ಮೂರು ಹೊಣೆಗಳು ಅವರದಾಗಿದ್ದವು. ಪತ್ತೇದಾರಿ ಕಥಾವಸ್ತು, ನೆರಳು–ಬೆಳಕಿನ ಬಳಕೆ ಮತ್ತು ರಹಸ್ಯವನ್ನು ಕೊನೆಯವರೆಗೆ ಕಾಯ್ದುಕೊಳ್ಳುವ ನಿರೂಪಣೆ ಈ ಚಿತ್ರದಿಂದಲೇ ಅವರ ಕೃತಿಗಳ ಲಕ್ಷಣಗಳಾಗಿ ಕಾಣಿಸಿಕೊಂಡವು.

ಆ ಕಾಲದ ತಮಿಳು ಚಿತ್ರಗಳು ರಂಗಭೂಮಿಯ ಪರಂಪರೆಯಿಂದ ಬೆಳೆದು ಬಂದಂಥವು. 1930 ಮತ್ತು 40ರ ದಶಕಗಳಲ್ಲಿ ಒಂದೊಂದು ಚಿತ್ರದಲ್ಲಿ ಹತ್ತಾರು ಹಾಡುಗಳಿರುತ್ತಿದ್ದವು; ಹಾಡಬಲ್ಲವರೇ ತಾರೆಗಳಾಗುತ್ತಿದ್ದರು. 1950ರ ದಶಕದಲ್ಲಿ ಸಂಭಾಷಣೆಯ ಪ್ರಾಮುಖ್ಯ ಹೆಚ್ಚಿತಾದರೂ ಹಾಡು ಮತ್ತು ನೃತ್ಯಗಳು ಚಿತ್ರದ ಅನಿವಾರ್ಯ ಅಂಗಗಳಾಗಿಯೇ ಉಳಿದಿದ್ದವು. ಸ್ವತಃ ಸಂಗೀತಗಾರರಾಗಿದ್ದ ಬಾಲಚಂದರ್ ಹಾಡುಗಳೇ ಇಲ್ಲದ ಚಿತ್ರವನ್ನು ಮಾಡಲು ಮುಂದಾದದ್ದು ಈ ಹಿನ್ನೆಲೆಯಲ್ಲಿ.

ಅಂದ ನಾಳ್

*ಹಿನ್ನೆಲೆ*

1952ರಲ್ಲಿ ಭಾರತದಲ್ಲಿ ನಡೆದ ಮೊದಲ ಅಂತರರಾಷ್ಟ್ರೀಯ ಚಲನಚಿತ್ರೋತ್ಸವದಲ್ಲಿ ಜಪಾನಿನ ನಿರ್ದೇಶಕ ಅಕಿರಾ ಕುರೊಸಾವಾ ಅವರ *ರಾಶೋಮೋನ್* (1950) ಪ್ರದರ್ಶಿತವಾಯಿತು. ಒಂದೇ ಘಟನೆಯನ್ನು ಹಲವರು ಪರಸ್ಪರ ವಿರುದ್ಧವಾಗಿ ವಿವರಿಸುವ ಅದರ ನಿರೂಪಣಾ ಕ್ರಮದಿಂದ ಬಾಲಚಂದರ್ ಪ್ರಭಾವಿತರಾದರು. ಅದೇ ಕ್ರಮದಲ್ಲಿ ಅವರು ಬರೆದ ನಾಟಕವನ್ನು ಆಕಾಶವಾಣಿಯು ಸ್ವೀಕರಿಸಲಿಲ್ಲ. ಬಳಿಕ ಈ ಕಥೆಯನ್ನು ಎವಿಎಂ ಸಂಸ್ಥೆಯ ಎ. ವಿ. ಮೆಯ್ಯಪ್ಪನ್ ಚಿತ್ರವಾಗಿ ನಿರ್ಮಿಸಲು ಒಪ್ಪಿದರು. ಜಾವರ್ ಸೀತಾರಾಮನ್ ಚಿತ್ರಕಥೆ ಮತ್ತು ಸಂಭಾಷಣೆಯನ್ನು ರಚಿಸಿ, ಪತ್ತೇದಾರ ಶಿವಾನಂದಂ ಪಾತ್ರದಲ್ಲಿಯೂ ನಟಿಸಿದರು.

*ಕಥಾವಸ್ತು*

ಎರಡನೆಯ ಮಹಾಯುದ್ಧದ ಕಾಲದಲ್ಲಿ, 1943ರ ಅಕ್ಟೋಬರ್‌ನಲ್ಲಿ, ಜಪಾನಿನ ವಿಮಾನವು ಮದರಾಸಿನ ಮೇಲೆ ಬಾಂಬ್ ಹಾಕಿತು. ಚಿತ್ರದ ಕಥೆ ಆರಂಭವಾಗುವುದು ಈ ದಾಳಿಯ ಸಂದರ್ಭದಲ್ಲಿ. ರೇಡಿಯೊ ಎಂಜಿನಿಯರ್ ರಾಜನ್ ತನ್ನ ಮನೆಯಲ್ಲಿ ಗುಂಡೇಟಿನಿಂದ ಸಾಯುತ್ತಾನೆ. ಪತ್ನಿ ಉಷಾ, ತಮ್ಮ ಪಟ್ಟಾಭಿ, ತಮ್ಮನ ಹೆಂಡತಿ ಹೇಮಾ, ನೆರೆಯ ಚಿನ್ನಯ್ಯ ಮತ್ತು ನರ್ತಕಿ ಅಂಬುಜಂ ಈ ಐವರ ಮೇಲೆ ಸಂಶಯ ಬೀಳುತ್ತದೆ. ವಿಚಾರಣೆಯಲ್ಲಿ ಪ್ರತಿಯೊಬ್ಬರೂ ಕೊಲೆಯ ಆರೋಪವನ್ನು ಮತ್ತೊಬ್ಬರತ್ತ ತಿರುಗಿಸುತ್ತಾರೆ. ಪ್ರತಿಯೊಂದು ಹೇಳಿಕೆಯಲ್ಲಿಯೂ ರಾಜನ್ ಬೇರೆಯೇ ವ್ಯಕ್ತಿಯಾಗಿ ತೋರುತ್ತಾನೆ.

ಬಡವರಿಗೂ ಎಟಕುವ ಅಗ್ಗದ ರೇಡಿಯೊ ತಯಾರಿಸುವ ರಾಜನ್‌ನ ಯೋಜನೆಗೆ ಸರ್ಕಾರದ ಬೆಂಬಲ ದೊರೆತಿರುವುದಿಲ್ಲ. ಈ ನಿರಾಶೆಯಲ್ಲಿ ಆತ ಜಪಾನೀಯರಿಗೆ ಸೇನಾ ರಹಸ್ಯಗಳನ್ನು ರವಾನಿಸುವ ದೇಶದ್ರೋಹಿಯಾಗಿರುತ್ತಾನೆ. ದೇಶಾಭಿಮಾನಿಯಾದ ಉಷಾ ಈ ಸಂಗತಿಯನ್ನು ತಿಳಿದು ಗಂಡನನ್ನು ಎದುರಿಸುತ್ತಾಳೆ. ಅವಳ ಕೈಯಿಂದಲೇ ಗುಂಡು ಹಾರಿತ್ತು ಎಂಬುದು ಅಂತ್ಯದಲ್ಲಿ ಬಯಲಾಗುತ್ತದೆ. *ರಾಶೋಮೋನ್* ಚಿತ್ರದಲ್ಲಿ ನಿಜವೇನೆಂಬುದು ಕೊನೆಗೂ ನಿರ್ಧಾರವಾಗುವುದಿಲ್ಲ. *ಅಂದ ನಾಳ್* ಚಿತ್ರದಲ್ಲಿ ಅಪರಾಧಿ ಯಾರೆಂಬುದು ಸ್ಪಷ್ಟವಾಗುತ್ತದೆ. ಹೀಗಾಗಿ ಎರಡರ ಹೋಲಿಕೆಯು ನಿರೂಪಣೆಯ ವಿಧಾನಕ್ಕೆ ಮಾತ್ರ ಸೀಮಿತವಾಗಿದೆ.

*ನಿರ್ಮಾಣ*

ರಾಜನ್ ಪಾತ್ರಕ್ಕೆ ಮೊದಲು ಎಸ್. ವಿ. ಸಹಸ್ರನಾಮಂ ಅವರನ್ನೂ ಅನಂತರ ಕಲ್ಕತ್ತೆಯಲ್ಲಿ ಪ್ರಾಧ್ಯಾಪಕರಾಗಿದ್ದ ಎನ್. ವಿಶ್ವನಾಥನ್ ಅವರನ್ನೂ ಆಯ್ಕೆ ಮಾಡಲಾಗಿತ್ತು. ವಿಶ್ವನಾಥನ್ ಅವರೊಂದಿಗೆ ಚಿತ್ರೀಕರಿಸಿದ ಭಾಗಗಳು ಮೆಯ್ಯಪ್ಪನ್ ಅವರಿಗೆ ತೃಪ್ತಿ ನೀಡಲಿಲ್ಲ. ಶಿವಾಜಿ ಗಣೇಶನ್ ಅವರನ್ನು ನಾಯಕನನ್ನಾಗಿಸಿ ಚಿತ್ರವನ್ನು ಮತ್ತೆ ಚಿತ್ರೀಕರಿಸಬೇಕೆಂಬ ನಿರ್ಮಾಪಕರ ಸಲಹೆಗೆ ಬಾಲಚಂದರ್ ಮೊದಲು ಒಪ್ಪಲಿಲ್ಲವಾದರೂ ಕೊನೆಗೆ ಸಮ್ಮತಿಸಿದರು. *ಪರಾಶಕ್ತಿ* (1952) ಚಿತ್ರದಿಂದ ಖ್ಯಾತರಾಗಿದ್ದ ಶಿವಾಜಿ ಗಣೇಶನ್, ಚಿತ್ರದ ಆರಂಭದಲ್ಲಿಯೇ ಸತ್ತುಬೀಳುವ ದೇಶದ್ರೋಹಿಯ ಪಾತ್ರವನ್ನು ಒಪ್ಪಿಕೊಂಡರು.

ಉಷಾ ಪಾತ್ರವನ್ನು ಕನ್ನಡದ ನಟಿ ಪಂಢರಿಬಾಯಿ ನಿರ್ವಹಿಸಿದರು. ಅದೇ ವರ್ಷ ಬಿಡುಗಡೆಯಾದ ಕನ್ನಡದ *ಬೇಡರ ಕಣ್ಣಪ್ಪ* ಚಿತ್ರದಲ್ಲಿ ಅವರು ರಾಜ್‌ಕುಮಾರ್ ಅವರಿಗೆ ನಾಯಕಿಯಾಗಿದ್ದರು. ಛಾಯಾಗ್ರಾಹಕ ಮಾರುತಿ ರಾವ್ ಅವರ ನೆರಳು–ಬೆಳಕಿನ ಸಂಯೋಜನೆಯನ್ನು ವಿಮರ್ಶಕರು ಚಿತ್ರದ ಮುಖ್ಯ ಗುಣವೆಂದು ಗುರುತಿಸಿದ್ದಾರೆ.

*ಸ್ವಾಗತ*

*ಅಂದ ನಾಳ್* 1954ರ ಏಪ್ರಿಲ್ 13ರಂದು, ತಮಿಳು ಹೊಸವರ್ಷದ ಸಂದರ್ಭದಲ್ಲಿ ತೆರೆ ಕಂಡಿತು. ವಿಮರ್ಶಕರು ಮೆಚ್ಚಿದರೂ ಹಾಡುಗಳಿಲ್ಲದ ಚಿತ್ರಕ್ಕೆ ಪ್ರೇಕ್ಷಕರಿಂದ ನಿರೀಕ್ಷಿತ ಪ್ರತಿಕ್ರಿಯೆ ದೊರೆಯಲಿಲ್ಲ. ಎರಡನೆಯ ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿಗಳಲ್ಲಿ ಚಿತ್ರವು ಅರ್ಹತಾ ಪ್ರಮಾಣಪತ್ರವನ್ನು ಪಡೆಯಿತು. ಪ್ರಶಸ್ತಿಯ ನಂತರದ ಮರುಬಿಡುಗಡೆಯಲ್ಲಿ ಅದಕ್ಕೆ ಹೆಚ್ಚಿನ ಪ್ರೇಕ್ಷಕರು ದೊರೆತರು. ಕನ್ನಡದ *ಬೇಡರ ಕಣ್ಣಪ್ಪ* ಚಿತ್ರಕ್ಕೂ ಅದೇ ಸಾಲಿನಲ್ಲಿ ಅರ್ಹತಾ ಪ್ರಮಾಣಪತ್ರ ಸಂದಿತು.

ನಂತರದ ಚಿತ್ರಗಳು

1956ರಲ್ಲಿ ಬಾಲಚಂದರ್ *ಏದಿ ನಿಜಂ* ಎಂಬ ತೆಲುಗು ಚಿತ್ರವನ್ನು ನಿರ್ದೇಶಿಸಿದರು. ಇದಕ್ಕೂ ರಾಷ್ಟ್ರೀಯ ಮಟ್ಟದ ಅರ್ಹತಾ ಪ್ರಮಾಣಪತ್ರ ದೊರೆಯಿತು. 1958ರಲ್ಲಿ *ಅವನ್ ಅಮರನ್* ತೆರೆ ಕಂಡಿತು. ಮುಂದಿನ ಚಿತ್ರಗಳಲ್ಲಿ ನಿರ್ಮಾಣದ ಹೊಣೆಯನ್ನೂ ಅವರು ವಹಿಸಿಕೊಂಡರು.

- *ಅವನಾ ಇವನ್* (1962): ಅಪರಾಧ ಕಥಾವಸ್ತುವಿನ ಈ ಚಿತ್ರದಲ್ಲಿ ಬಾಲಚಂದರ್ ಕೊಲೆಗಾರನ ಪಾತ್ರವನ್ನು ನಿರ್ವಹಿಸಿದರು.
- *ಬೊಮ್ಮೈ* (1964): ಒಬ್ಬನನ್ನು ಕೊಲ್ಲುವ ಉದ್ದೇಶದಿಂದ ಬಾಂಬ್ ಅಡಗಿಸಿಟ್ಟ ಬೊಂಬೆಯೊಂದು ಕೈಯಿಂದ ಕೈಗೆ ದಾಟುತ್ತ ನಗರವನ್ನು ಸುತ್ತುವುದು ಇದರ ಕಥೆ. ಕೆ. ಜೆ. ಯೇಸುದಾಸ್ ಅವರ ಆರಂಭದ ತಮಿಳು ಗೀತೆಗಳಲ್ಲೊಂದು ಈ ಚಿತ್ರದಲ್ಲಿದೆ. ಚಿತ್ರದ ಕೊನೆಯಲ್ಲಿ ಬಾಲಚಂದರ್ ತೆರೆಯ ಮೇಲೆ ಬಂದು ಕಲಾವಿದರನ್ನೂ ತಂತ್ರಜ್ಞರನ್ನೂ ಪ್ರೇಕ್ಷಕರಿಗೆ ಪರಿಚಯಿಸುತ್ತಾರೆ. ಹೆಸರುಗಳನ್ನಷ್ಟೇ ತೋರಿಸುತ್ತಿದ್ದ ಆ ಕಾಲದಲ್ಲಿ ಇದು ಅಪರೂಪದ ಕ್ರಮವಾಗಿತ್ತು.
- *ನಡು ಇರವಿಲ್* (1970): ಅಗಾಥಾ ಕ್ರಿಸ್ಟಿಯ ಕಾದಂಬರಿಯಿಂದ ಪ್ರೇರಿತವಾದ ಈ ಚಿತ್ರದಲ್ಲಿ, ಒಂಟಿ ಬಂಗಲೆಯೊಂದರಲ್ಲಿ ಸೇರಿದ ಬಂಧುಗಳು ಒಬ್ಬೊಬ್ಬರಾಗಿ ಕೊಲೆಯಾಗುತ್ತಾರೆ. ಪಂಢರಿಬಾಯಿ, ಸಾಹುಕಾರ್ ಜಾನಕಿ, ಮೇಜರ್ ಸುಂದರರಾಜನ್ ಮತ್ತು ಚೋ ತಾರಾಗಣದಲ್ಲಿದ್ದರು. ವಿತರಕರ ನಿರಾಸಕ್ತಿಯಿಂದ ಚಿತ್ರದ ಬಿಡುಗಡೆ ವಿಳಂಬವಾಯಿತು. ಇದು ಬಾಲಚಂದರ್ ನಿರ್ದೇಶಿಸಿದ ಕೊನೆಯ ಚಿತ್ರ.

ನಿರ್ದೇಶನದ ವೈಶಿಷ್ಟ್ಯಗಳು

ಬಾಲಚಂದರ್ ಅವರ ಪ್ರಮುಖ ಚಿತ್ರಗಳೆಲ್ಲವೂ ಅಪರಾಧ ಮತ್ತು ರಹಸ್ಯವನ್ನು ಕೇಂದ್ರವಾಗಿ ಹೊಂದಿವೆ. ದೀರ್ಘ ಸಂಭಾಷಣೆಗಳಿಗೆ ಬದಲಾಗಿ ಕ್ಯಾಮೆರಾ ಕೋನ, ಬೆಳಕು ಮತ್ತು ಶಬ್ದಗಳ ಮೂಲಕ ಭಾವವನ್ನು ಮೂಡಿಸುವುದು ಅವರ ಕ್ರಮವಾಗಿತ್ತು. ಹಾಡುಗಳನ್ನು ಕೈಬಿಟ್ಟರೂ ಅವರು ಸಂಗೀತವನ್ನು ಕೈಬಿಡಲಿಲ್ಲ. ಹಿನ್ನೆಲೆ ಸಂಗೀತ ಮತ್ತು ಮೌನಗಳೆರಡನ್ನೂ ಕುತೂಹಲ ಹೆಚ್ಚಿಸುವ ಸಾಧನಗಳಾಗಿ ಬಳಸಿದರು. ಕೊಲೆಗಾರ ಯಾರು ಎಂಬ ಪ್ರಶ್ನೆಯಷ್ಟೇ ಮಹತ್ವವನ್ನು ಅವರು ಸಂಶಯಕ್ಕೆ ಒಳಗಾದವರ ಸ್ವಭಾವಕ್ಕೂ ನೀಡಿದರು. ಸಜ್ಜನರೆಂದು ತೋರುವ ಮನೆಮಂದಿಯಲ್ಲಿ ಹುದುಗಿರುವ ಆಸೆ, ಅಸೂಯೆ ಮತ್ತು ಹಣದ ಮೋಹ *ಅಂದ ನಾಳ್* ಮತ್ತು *ನಡು ಇರವಿಲ್* ಎರಡರಲ್ಲಿಯೂ ಕಂಡುಬರುತ್ತವೆ.

ವೀಣಾವಾದನ

ಚಿತ್ರರಂಗದಲ್ಲಿ ಸಕ್ರಿಯರಾಗಿದ್ದಾಗಲೇ ಬಾಲಚಂದರ್ ವೀಣೆಯನ್ನು ತಮ್ಮ ಪ್ರಧಾನ ವಾದ್ಯವಾಗಿ ಆಯ್ದುಕೊಂಡಿದ್ದರು. ಗುರುವಿಲ್ಲದೆ ಕಲಿತ ಕಾರಣ ಅವರು ಮೈಸೂರು, ತಂಜಾವೂರು ಮೊದಲಾದ ಯಾವ ವೀಣಾ ಬಾನಿಗೂ ಸೇರಿದವರಲ್ಲ. ಒಂದೇ ಮೆಟ್ಟಿಲಿನಲ್ಲಿ ತಂತಿಯನ್ನು ಎಳೆದು ಹಲವು ಸ್ವರಗಳನ್ನು ಹೊರಡಿಸುವುದು ಅವರ ವಾದನದ ವಿಶೇಷ. ಇದರಿಂದ ಗಾಯನದ ಗಮಕಗಳಿಗೆ ಹತ್ತಿರವಾದ ನಾದವನ್ನು ಅವರು ಸಾಧಿಸಿದರು. ವಿಸ್ತಾರವಾದ ರಾಗಾಲಾಪನೆಗೂ ಅವರು ಹೆಸರಾಗಿದ್ದರು. ಅಮೆರಿಕ, ಯುರೋಪ್ ಸೇರಿದಂತೆ ವಿದೇಶಗಳಲ್ಲಿ ಕಛೇರಿಗಳನ್ನು ನೀಡಿದರು. 1960ರ ದಶಕದಿಂದ ಅವರ ಧ್ವನಿಮುದ್ರಿಕೆಗಳು ಹೊರದೇಶಗಳಲ್ಲಿಯೂ ಪ್ರಕಟವಾದವು.

*ನಡು ಇರವಿಲ್* ನಂತರ ಅವರು ಚಿತ್ರನಿರ್ದೇಶನಕ್ಕೆ ಮರಳದೆ ಜೀವನದ ಉಳಿದ ಎರಡು ದಶಕಗಳನ್ನು ವೀಣೆಗೆ ಮೀಸಲಿಟ್ಟರು.

ವಿವಾದಗಳು

ಬಾಲಚಂದರ್ ನೇರ ಮಾತಿಗೆ ಹೆಸರಾಗಿದ್ದರು. ಎಂ. ಬಾಲಮುರಳಿಕೃಷ್ಣ ಅವರು ಹೊಸ ರಾಗಗಳನ್ನು ಸೃಷ್ಟಿಸಿರುವುದಾಗಿ ಹೇಳಿದಾಗ ಅದನ್ನು ಬಹಿರಂಗವಾಗಿ ಪ್ರಶ್ನಿಸಿದರು. 1980ರ ದಶಕದಲ್ಲಿ, ತಿರುವಾಂಕೂರಿನ ಅರಸ ಸ್ವಾತಿ ತಿರುನಾಳ್ ಅವರ ಹೆಸರಿನಲ್ಲಿರುವ ಕೃತಿಗಳ ಕರ್ತೃತ್ವದ ಬಗ್ಗೆ ಸಂದೇಹ ವ್ಯಕ್ತಪಡಿಸಿದರು. ಈ ವಾದವನ್ನು ಅನೇಕ ಸಂಗೀತಗಾರರು ತೀವ್ರವಾಗಿ ವಿರೋಧಿಸಿದರು. ಇದರಿಂದ ಸಂಗೀತ ವಲಯದಲ್ಲಿ ದೀರ್ಘ ಚರ್ಚೆ ನಡೆಯಿತು.

ನಿಧನ ಮತ್ತು ಪರಂಪರೆ

ಬಾಲಚಂದರ್ ಅವರು 1990ರ ಏಪ್ರಿಲ್ 13ರಂದು, ಕಛೇರಿಯ ಪ್ರವಾಸದಲ್ಲಿದ್ದಾಗ, ಭಿಲಾಯಿಯಲ್ಲಿ ನಿಧನರಾದರು. ಅವರಿಗೆ 63 ವರ್ಷ ವಯಸ್ಸಾಗಿತ್ತು. ಬೆಂಗಳೂರಿನ ಲೇಖಕ ವಿಕ್ರಮ್ ಸಂಪತ್ ಬರೆದ ಅವರ ಇಂಗ್ಲಿಷ್ ಜೀವನಚರಿತ್ರೆ ಪ್ರಕಟವಾಗಿದೆ.

ಬಾಲಚಂದರ್ ನಿರ್ದೇಶಿಸಿದ ಚಿತ್ರಗಳ ಸಂಖ್ಯೆ ಕಡಿಮೆ. *ಅಂದ ನಾಳ್* ಚಿತ್ರದ ನಂತರವೂ ತಮಿಳಿನಲ್ಲಿ ಹಾಡಿಲ್ಲದ ಚಿತ್ರಗಳು ವಿರಳವಾಗಿಯೇ ಉಳಿದವು. ಆದರೆ ಬಹು ದೃಷ್ಟಿಕೋನಗಳ ನಿರೂಪಣೆ ಹಾಗೂ ಪತ್ತೇದಾರಿ ಚಿತ್ರಗಳ ಕುರಿತ ಚರ್ಚೆಗಳಲ್ಲಿ ಈ ಚಿತ್ರವನ್ನು ಇಂದಿಗೂ ಮೊದಲ ಉದಾಹರಣೆಯಾಗಿ ಉಲ್ಲೇಖಿಸಲಾಗುತ್ತದೆ.

ನಿರ್ದೇಶಿಸಿದ ಪ್ರಮುಖ ಚಿತ್ರಗಳು

- 1948 – *ಎನ್ ಕಣವರ್* (ತಮಿಳು)
- 1951 – *ಕೈದಿ* (ತಮಿಳು)
- 1954 – *ಅಂದ ನಾಳ್* (ತಮಿಳು)
- 1956 – *ಏದಿ ನಿಜಂ* (ತೆಲುಗು)
- 1958 – *ಅವನ್ ಅಮರನ್* (ತಮಿಳು)
- 1962 – *ಅವನಾ ಇವನ್* (ತಮಿಳು)
- 1964 – *ಬೊಮ್ಮೈ* (ತಮಿಳು)
- 1970 – *ನಡು ಇರವಿಲ್* (ತಮಿಳು)